ಲಂಟಾನ ಹೂ ಬಿಡುತ್ತಿಲ್ಲವೇ? ಮೊದಲು ಕಾಯಿ ಎಣಿಸಿ

ಪ್ರಶ್ನೆ: ಹೋದ ವರ್ಷ ನರ್ಸರಿಯಿಂದ ಎರಡು ಲಂಟಾನ ಗಿಡ ತಂದೆ. ಒಂದು ಹಳದಿ-ಕೆಂಪು ಮಿಶ್ರ ಬಣ್ಣದ್ದು, ನೆಟ್ಟಗೆ ಬೆಳೆಯುವಂಥದ್ದು. ಇನ್ನೊಂದು ನೇರಳೆ ಹೂವಿನದು, ಕುಂಡದ ಅಂಚಿನಿಂದ ಇಳಿಬೀಳುತ್ತದೆ. ತಂದಾಗ ಎರಡರಲ್ಲೂ ಗಿಡದ ತುಂಬ ಹೂ. ಎರಡು ಮೂರು ತಿಂಗಳಾದ ಮೇಲೆ ಕಡಿಮೆಯಾಗುತ್ತ ಬಂತು. ಈಗ ಮಿಶ್ರ ಬಣ್ಣದ ಗಿಡ ಮೂರಡಿ ಬೆಳೆದಿದೆ, ಎಲೆ ದೊಡ್ಡದಾಗಿ ಕಡು ಹಸಿರಾಗಿವೆ, ಹೂ ಮಾತ್ರ ಅಲ್ಲೊಂದು ಇಲ್ಲೊಂದು. ಹೂ ಉದುರಿದ ಕಡೆ ಹಸಿರು ಮಣಿಯಂಥ ಕಾಯಿಗಳಿವೆ. ಬಾಲ್ಕನಿಗೆ ಬೆಳಿಗ್ಗೆ ಸುಮಾರು ಮೂರು ಗಂಟೆ ಬಿಸಿಲು ಬರುತ್ತದೆ. ದಿನಕ್ಕೆ ಎರಡು ಸಲ ನೀರು, ಹದಿನೈದು ದಿನಕ್ಕೊಮ್ಮೆ 19:19:19 ಗೊಬ್ಬರ ತಪ್ಪದೆ ಕೊಡುತ್ತೇನೆ. ಇತ್ತೀಚೆಗೆ ಕೆಲವು ಎಲೆಗಳ ಮೇಲೆ ಬಿಳಿಚಿದ ಚುಕ್ಕೆ ಕಾಣುತ್ತಿವೆ. ಇದು ಕಾಡನ್ನು ಹಾಳು ಮಾಡುವ ಕಳೆ, ಕಾಯಿ ವಿಷ, ಮನೆಯಲ್ಲಿ ಇಡಬೇಡಿ ಎಂದು ಪಕ್ಕದ ಮನೆಯವರು ಹೇಳುತ್ತಾರೆ. ನನಗೆ ನಾಲ್ಕು ವರ್ಷದ ಮಗಳಿದ್ದಾಳೆ. ಗಿಡ ಇಟ್ಟುಕೊಳ್ಳಲೇ, ಎಸೆಯಲೇ?

ಉತ್ತರ: ನಿಮ್ಮ ಪ್ರಶ್ನೆಯಲ್ಲಿ "ತಪ್ಪದೆ" ಎಂಬ ಪದ ಓದುತ್ತಿದ್ದಂತೆಯೇ ಅರ್ಧ ಕಾಯಿಲೆ ಗೊತ್ತಾಯಿತು. ಲಂಟಾನ ಉಪಚಾರ ಹೆಚ್ಚಾದರೆ ಕೆಡುವ ಗಿಡ. ರಸ್ತೆ ಬದಿಯ ಒಣ ದಿಬ್ಬದಲ್ಲಿ, ಕಲ್ಲಿನ ಸಂದಿಯಲ್ಲಿ, ಯಾರೂ ಒಂದು ಚೊಂಬು ನೀರು ಹಾಕದಿದ್ದರೂ ಅದು ಹೂ ಬಿಟ್ಟುಕೊಂಡು ನಿಂತಿರುತ್ತದೆ. ಅದನ್ನೇ ಕುಂಡಕ್ಕೆ ತಂದು ಎರಡು ಹೊತ್ತು ನೀರು, ಹದಿನೈದು ದಿನಕ್ಕೊಮ್ಮೆ ಗೊಬ್ಬರ ಕೊಟ್ಟರೆ ಸೊಕ್ಕಿ ಬೆಳೆಯುತ್ತದೆ. ಎಲೆಗೆ ಬರ ಇರುವುದಿಲ್ಲ, ಹೂ ಬಿಡಲು ಮಾತ್ರ ಅದಕ್ಕೆ ಪುರಸೊತ್ತು ಇರುವುದಿಲ್ಲ.

ಆದರೂ ನೀವು ಬರೆದದ್ದರಲ್ಲಿ ನನ್ನ ಕಣ್ಣು ನಿಂತದ್ದು ಗೊಬ್ಬರದ ಮೇಲಲ್ಲ, ಆ ಹಸಿರು ಮಣಿಗಳ ಮೇಲೆ. ಹೂ ಬರುತ್ತಿಲ್ಲ ಎಂಬ ಬೇಸರ, ಮಗಳ ಬಗೆಗಿನ ಆತಂಕ, ಪಕ್ಕದವರ ಆಕ್ಷೇಪ ಮೂರೂ ಹೋಗಿ ಸೇರುವುದು ಆ ಮಣಿಗಳಿಗೇ. ಅಲ್ಲಿಗೆ ಬರುತ್ತೇನೆ. ಮೊದಲು ಬಿಸಿಲಿನ ಮಾತು ಮುಗಿಸೋಣ, ಏಕೆಂದರೆ ಅದು ಸರಿಯಾಗದೆ ಬೇರೆ ಏನು ಮಾಡಿದರೂ ನೀರಲ್ಲಿ ಹೋಮ.

ಲಂಟಾನಕ್ಕೆ ದಿನಕ್ಕೆ ಕಡಿಮೆಯೆಂದರೂ 6 ಗಂಟೆ ನೇರ ಬಿಸಿಲು ಬೇಕು. ಇನ್ನೂ ಎರಡು ಗಂಟೆ ಹೆಚ್ಚು ಸಿಕ್ಕರೆ ಅದಕ್ಕೆ ಹಬ್ಬ. ನಿಮ್ಮ ಬಾಲ್ಕನಿಯ ಮೂರು ಗಂಟೆ ಅದನ್ನು ಬದುಕಿಸಲು ಸಾಕು, ಹೂ ಬಿಡಿಸಲು ಸಾಲದು. ಬೆಳಕಿಗೂ ಬಿಸಿಲಿಗೂ ವ್ಯತ್ಯಾಸ ಇದೆ ಎಂಬುದನ್ನು ಬಾಲ್ಕನಿಯಲ್ಲಿ ಗಿಡ ಬೆಳೆಸುವವರು ಬೇಗ ಮರೆಯುತ್ತಾರೆ. ಕುಂಡದ ಪಕ್ಕ ಕೈ ಚಾಚಿ ನೋಡಿ. ಬೆರಳುಗಳ ನೆರಳು ಒಂದೊಂದೂ ಚೂಪಾಗಿ ಬಿದ್ದರೆ ಬಿಸಿಲು, ಮಸುಕಾಗಿ ಕಲೆಸಿಹೋದರೆ ಬರೀ ಬೆಳಕು. ಒಂದು ರಜಾ ದಿನ ಬೆಳಿಗ್ಗೆಯಿಂದ ಸಂಜೆವರೆಗೆ ಗಂಟೆಗೊಮ್ಮೆ ಹೀಗೆ ನೋಡಿ ಚೀಟಿಯಲ್ಲಿ ಬರೆದುಕೊಳ್ಳಿ. ಮೂರು ಗಂಟೆ ಅಂದುಕೊಂಡಿದ್ದು ಎರಡೇ ಇರಬಹುದು, ನಾಲ್ಕೂ ಇರಬಹುದು.

ಗಿಡವೂ ತನ್ನ ಕಷ್ಟ ಹೇಳಿಕೊಂಡಿರುತ್ತದೆ. ಮೂರಡಿ ಬೆಳೆದಿರುವ ಕಡ್ಡಿಯಲ್ಲಿ ಒಂದು ಜೋಡಿ ಎಲೆಯಿಂದ ಮುಂದಿನ ಜೋಡಿಗೆ ಎಷ್ಟು ಅಂತರ ಇದೆ ನೋಡಿ. ಬುಡದ ಹತ್ತಿರ, ಅಂದರೆ ನರ್ಸರಿಯಲ್ಲಿ ಬೆಳೆದ ಭಾಗದಲ್ಲಿ, ಎಲೆಗಳು ಒತ್ತೊತ್ತಾಗಿರುತ್ತವೆ. ನಿಮ್ಮ ಮನೆಗೆ ಬಂದ ಮೇಲೆ ಬೆಳೆದ ಭಾಗದಲ್ಲಿ ಅಂತರ ಹೆಚ್ಚಿ, ಕಡ್ಡಿ ಸೊರಗಿ, ಬಿಸಿಲು ಬರುವ ದಿಕ್ಕಿಗೆ ವಾಲಿರುತ್ತದೆ. ಗಿಡ ಬೆಳೆದಿದೆ ಎಂದು ನೀವು ಸಂತೋಷಪಟ್ಟದ್ದು ನಿಜವಾಗಿ ಗಿಡ ಬಿಸಿಲನ್ನು ಹುಡುಕಿಕೊಂಡು ಹೋದದ್ದು.

ಹಾಗಾದರೆ ಮಹಡಿಯ ಮೇಲೆ, ಮೆಟ್ಟಿಲ ಪಕ್ಕ, ಗೇಟಿನ ಹತ್ತಿರ, ಎಲ್ಲಾದರೂ ಆರು ಗಂಟೆ ಬಿಸಿಲಿನ ಜಾಗ ಹುಡುಕಿ. ಆದರೆ ಒಂದೇ ದಿನ ಹೊತ್ತುಕೊಂಡು ಹೋಗಿ ಮಧ್ಯಾಹ್ನದ ಬಿಸಿಲಿಗೆ ಇಡಬೇಡಿ. ನಾನು ಹೊಸದರಲ್ಲಿ ಹಾಗೆ ಮಾಡಿ, ಮೂರೇ ದಿನದಲ್ಲಿ ಎಲೆಗಳೆಲ್ಲ ಹಪ್ಪಳದಂತೆ ಸುಟ್ಟು, ಗಿಡ ಸತ್ತಿತೆಂದು ಬುಡಸಮೇತ ಕಿತ್ತು ಎಸೆದಿದ್ದೆ. ಅದು ಸತ್ತಿರಲಿಲ್ಲ ಎಂದು ತಿಳಿದದ್ದು ಆಮೇಲೆ, ಎಸೆದ ಜಾಗದಲ್ಲಿ ಚಿಗುರಿದಾಗ. ನೆರಳಿನಲ್ಲಿ ಹುಟ್ಟಿದ ಎಲೆ ತೆಳುವಾಗಿರುತ್ತದೆ, ಅದಕ್ಕೆ ಸುಡುಬಿಸಿಲು ತಾಳುವ ಶಕ್ತಿ ಇರುವುದಿಲ್ಲ. ಹತ್ತು ದಿನದ ಅವಧಿಯಲ್ಲಿ ದಿನಕ್ಕೆ ಒಂದಿಷ್ಟು ಹೊತ್ತು ಹೆಚ್ಚಿಸುತ್ತ ಹೋಗಿ. ಅಷ್ಟು ಬಿಸಿಲಿನ ಜಾಗವೇ ಇಲ್ಲವೆಂದಾದರೆ, ಬೇಸರ ಮಾಡಿಕೊಳ್ಳಬೇಡಿ, ಲಂಟಾನ ನಿಮ್ಮ ಮನೆಯ ಗಿಡ ಅಲ್ಲ. ಯಾವ ಗೊಬ್ಬರವೂ ಬಿಸಿಲಿನ ಬದಲಿಗೆ ಬರುವುದಿಲ್ಲ.

ಇನ್ನು 19:19:19. ಸಾರಜನಕ, ರಂಜಕ, ಪೊಟ್ಯಾಶ್ ಮೂರನ್ನೂ ಸಮವಾಗಿ ಕೊಡುವ ಈ ನೀರಿನಲ್ಲಿ ಕರಗುವ ಗೊಬ್ಬರ ಕೆಟ್ಟದ್ದೇನಲ್ಲ. ತಪ್ಪು ಇರುವುದು ಎಷ್ಟು ಸಲ ಎಂಬುದರಲ್ಲಿ. ಬಿಸಿಲು ಕಡಿಮೆ ಇರುವ ಕಡೆ ಸಾರಜನಕ ಹೆಚ್ಚಾದರೆ ಗಿಡ ಅದನ್ನೆಲ್ಲ ಎಲೆ ಮತ್ತು ಉದ್ದನೆಯ ಮೆತ್ತನೆ ಚಿಗುರಿಗೆ ಸುರಿಯುತ್ತದೆ. ಈ ಮೆತ್ತನೆ ಚಿಗುರಿಗೇ ಹೀರುವ ಕೀಟಗಳೂ ಮುತ್ತುತ್ತವೆ, ಅದರ ಕಥೆ ಮುಂದೆ ಇದೆ. ಈಗಿನಿಂದ ಎರಡು ತಿಂಗಳು ಗೊಬ್ಬರ ಪೂರ್ತಿ ನಿಲ್ಲಿಸಿ. ಕುಂಡದ ಮಣ್ಣಿನ ಮೇಲೋ ಅಂಚಿನಲ್ಲೋ ಬಿಳಿ ಉಪ್ಪಿನಂಥ ಪೊರೆ ಕಟ್ಟಿದ್ದರೆ ಅದನ್ನು ಕೆರೆದು ತೆಗೆದು, ತಳದ ತೂತಿನಿಂದ ಧಾರಾಳವಾಗಿ ಹರಿದುಹೋಗುವಂತೆ ಎರಡು ಮೂರು ಸಲ ಬರೀ ನೀರು ಹಾಕಿ. ಮಣ್ಣಿನಲ್ಲಿ ಕೂತ ಉಪ್ಪು ತೊಳೆದುಹೋಗುತ್ತದೆ. ಆಮೇಲೆ ಗಿಡ ಚೆನ್ನಾಗಿ ಬೆಳೆಯುವ ಕಾಲದಲ್ಲಿ ಆರೆಂಟು ವಾರಕ್ಕೊಮ್ಮೆ ಒಂದು ಹಿಡಿ ಎರೆಗೊಬ್ಬರ ಸಾಕು. ದ್ರವ ಗೊಬ್ಬರವೇ ಬೇಕೆಂದರೆ ಪೊಟ್ಟಣದ ಮೇಲೆ ಬರೆದಿರುವ ಪ್ರಮಾಣದ ಅರ್ಧ.

ಹೂವಿಗಾಗಿ ಮೂಳೆ ಪುಡಿ, ಬಾಳೆಹಣ್ಣಿನ ಸಿಪ್ಪೆ ನೆನೆಸಿದ ನೀರು ಎಂದು ಯಾರಾದರೂ ಹೇಳಿಯೇ ಹೇಳುತ್ತಾರೆ. ಕೊರತೆಯೇ ಇಲ್ಲದ ಮಣ್ಣಿಗೆ ರಂಜಕ ಸುರಿದರೆ ಹೂ ಬರುವುದಿಲ್ಲ. ಸಿಪ್ಪೆಯ ನೀರಿಗೆ ಬರುವುದು ಸಣ್ಣ ನೊಣ.

ನರ್ಸರಿಯಲ್ಲಿ ಅಷ್ಟೊಂದು ಹೂ ಹೇಗಿತ್ತು ಎಂಬ ಅನುಮಾನ ನಿಮಗೆ ಬಂದಿರಬಹುದು. ಮೋಸವೇನಿಲ್ಲ. ಅಲ್ಲಿ ಅದು ಇಡೀ ದಿನ ಬಿಸಿಲಿನಲ್ಲಿತ್ತು, ಚಿಕ್ಕಂದಿನಿಂದಲೇ ಕುಡಿ ಚಿವುಟಿ ಚಿವುಟಿ ಕವಲು ಹೆಚ್ಚಿಸಿದ್ದರು, ಸಣ್ಣ ಕುಂಡದಲ್ಲಿ ಬೇರು ಇಕ್ಕಟ್ಟಾಗಿತ್ತು. ಎಷ್ಟೋ ಕಡೆ ಗಿಡ ಗಿಡ್ಡವಾಗಿ ಉಳಿಯಲು ಬೆಳವಣಿಗೆ ತಗ್ಗಿಸುವ ಔಷಧವನ್ನೂ ಹಾಕಿರುತ್ತಾರೆ. ಅದರ ಪ್ರಭಾವ ಇಳಿಯುವ ಹೊತ್ತಿಗೆ ಗಿಡ ನಿಮ್ಮ ಮನೆಯಲ್ಲಿರುತ್ತದೆ.

ಈಗ ಮಣಿಗಳ ಹತ್ತಿರ ಬರೋಣ. ಒಂದು ಹೂವೆಂದು ನಾವು ಕರೆಯುವ ಲಂಟಾನದ ಗುಂಡನೆಯ ಹೂ ನಿಜವಾಗಿ ಇಪ್ಪತ್ತು ಮೂವತ್ತು ಪುಟ್ಟ ಹೂಗಳ ಗೊಂಚಲು. ಅವು ಹೊರಗಿನ ಸುತ್ತಿನಿಂದ ಒಳಕ್ಕೆ ಅರಳುತ್ತ ಹೋಗುತ್ತವೆ. ನಿಮ್ಮ ಮಿಶ್ರ ಬಣ್ಣದ ಗಿಡದಲ್ಲಿ ನಡುವಿನ ಎಳೆಯ ಹೂ ಹಳದಿ, ಹೊರಗಿನ ಹಳೆಯ ಹೂ ಕೆಂಪು. ಬೇರೆ ಬೇರೆ ಬಣ್ಣದ ಹೂಗಳು ಒಟ್ಟಿಗೆ ಬಂದಿರುವುದಲ್ಲ, ಒಂದೇ ಹೂ ವಯಸ್ಸಾದಂತೆ ಬಣ್ಣ ಬದಲಿಸುತ್ತದೆ. ಬ್ರೆಜಿಲ್‌ನಲ್ಲಿ ನೆಲೆಸಿದ್ದ ಜರ್ಮನ್ ನಿಸರ್ಗತಜ್ಞ ಫ್ರಿಟ್ಜ್ ಮುಲ್ಲರ್ ಇದನ್ನು ಗಮನಿಸಿ 1877ರಲ್ಲೇ 'ನೇಚರ್' ಪತ್ರಿಕೆಗೆ ಬರೆದಿದ್ದ. ಅಲ್ಲಿನ ಲಂಟಾನ ಮೊದಲ ದಿನ ಹಳದಿ, ಎರಡನೇ ದಿನ ಕಿತ್ತಳೆ, ಮೂರನೇ ದಿನ ನೇರಳೆ, ಚಿಟ್ಟೆಗಳು ನೇರಳೆಗೆ ತಿರುಗಿದ ಹೂವನ್ನು ಮುಟ್ಟುವುದಿಲ್ಲ ಎಂದು. ಮಕರಂದ ಇರುವುದು ಎಳೆಯ ಹಳದಿ ಹೂವಿನಲ್ಲಿ. ಹಳೆಯದು ಗೊಂಚಲಿನ ಗಾತ್ರ ಹೆಚ್ಚಿಸಿ ದೂರದಿಂದ ಚಿಟ್ಟೆಯನ್ನು ಕರೆಯುತ್ತದೆ, ಹತ್ತಿರ ಬಂದ ಮೇಲೆ "ನನ್ನಲ್ಲಿ ಏನಿಲ್ಲ, ಅಲ್ಲಿಗೆ ಹೋಗು" ಎನ್ನುತ್ತದೆ. ದೆಹಲಿ ವಿಶ್ವವಿದ್ಯಾಲಯದ ಎಚ್.ವೈ. ಮೋಹನ ರಾಮ್ ಮತ್ತು ಗೀತಾ ಮಾಥುರ್ 1984ರಲ್ಲಿ ಪ್ರಕಟಿಸಿದ ಕೆಲಸ ಈ ಬಣ್ಣ ಬದಲಾವಣೆಯನ್ನು ಪರಾಗಸ್ಪರ್ಶದ ಜೊತೆ ಜೋಡಿಸಿತು.

ಇಷ್ಟು ಹೇಳಿದ್ದು ಬರೀ ಕುತೂಹಲಕ್ಕಲ್ಲ. ಗೊಂಚಲಿನ ಬಣ್ಣ ನಿಮ್ಮ ಗಡಿಯಾರ. ನಡುವೆ ಹಳದಿ ಇರುವವರೆಗೆ ಗೊಂಚಲಿನ ಕೆಲಸ ಮುಗಿದಿಲ್ಲ, ಚಿಟ್ಟೆಗೂ ನಿಮಗೂ ಅದು ಬೇಕು. ಪೂರ್ತಿ ಕೆಂಪಾಗಿ ಅಂಚಿನ ಹೂ ಉದುರಲು ಶುರುವಾಯಿತೆಂದರೆ ಗಿಡ ಕಾಯಿ ಕಟ್ಟುವುದಕ್ಕೆ ಹೊರಟಿದೆ ಎಂದರ್ಥ. ಒಂದೊಂದು ಕಾಯಿಯೂ ಹಸಿರಾಗಿ ಹುಟ್ಟಿ, ಮಾಗಿದಾಗ ನೇರಳೆ ಮಿಶ್ರಿತ ಕಪ್ಪಾಗುತ್ತದೆ, ಒಳಗೆ ಗಟ್ಟಿ ಬೀಜ. ಗಿಡದ ಲೆಕ್ಕದಲ್ಲಿ ಹೂ ಎಂಬುದು ಬೀಜಕ್ಕೆ ಹೋಗುವ ದಾರಿ. ಬೀಜ ಸಿಕ್ಕಿದ ಮೇಲೆ ಹೊಸ ಹೂವಿನ ಅವಸರ ಅದಕ್ಕೇಕೆ? ನಿಮ್ಮ ಗಿಡ ಬೆಳಕಿನ ಬಡತನದಲ್ಲಿ ಗಳಿಸಿದ ಅಷ್ಟಿಷ್ಟನ್ನೂ ಈಗ ಕಾಯಿಗೆ ಕೊಡುತ್ತಿದೆ.

ಹಾಗಾಗಿ ಇವತ್ತೇ ಮಾಡಬಹುದಾದ ಕೆಲಸ: ಕತ್ತರಿ ಹಿಡಿದು ಕೂತು ಒಂದು ಕಾಯಿಯೂ ಬಿಡದಂತೆ ಕತ್ತರಿಸಿ. ಎಣಿಸುತ್ತ ತೆಗೆಯಿರಿ, ಎಷ್ಟು ಹೂವಿನ ದುಡಿಮೆ ಅಲ್ಲಿ ಕೂತಿತ್ತೆಂದು ಗೊತ್ತಾಗುತ್ತದೆ. ಮುಂದೆ ವಾರಕ್ಕೊಮ್ಮೆ ಒಂದು ಸುತ್ತು, ಹತ್ತು ನಿಮಿಷದ ಕೆಲಸ. ಗೊಂಚಲಿನ ತೊಟ್ಟು ಎಲೆಯ ಕಂಕುಳಿನಿಂದ ಹೊರಡುತ್ತದೆ, ಅದನ್ನು ಬುಡದಲ್ಲಿ ಕತ್ತರಿಸಿ. ಒಂದೇ ರೆಂಬೆಯಲ್ಲಿ ಮೂರು ನಾಲ್ಕು ಗೊಂಚಲು ಮುಗಿದಿದ್ದರೆ ಬಿಡಿಬಿಡಿಯಾಗಿ ತೆಗೆಯುವ ತಾಪತ್ರಯ ಬೇಡ, ರೆಂಬೆಯನ್ನೇ ಮೂರನೇ ಒಂದು ಭಾಗ ಸವರಿಬಿಡಿ. ಲಂಟಾನದ ಹೂ ಬರುವುದು ಹೊಸ ಚಿಗುರಿನಲ್ಲಿ, ಹಳೆಯ ಗಟ್ಟಿ ಕಡ್ಡಿಯಲ್ಲಿ ಅಲ್ಲ. ಒಂದು ಕುಡಿ ಕತ್ತರಿಸಿದ ಕಡೆ ಎರಡು ಕವಲೊಡೆಯುತ್ತವೆ. ಕತ್ತರಿಗೆ ಹೆದರುವವರ ಮನೆಯಲ್ಲಿ ಈ ಗಿಡ ಚೆನ್ನಾಗಿ ಹೂ ಬಿಟ್ಟದ್ದನ್ನು ನಾನು ನೋಡಿಲ್ಲ.

ಪಕ್ಕದ ಮನೆಯವರ ಮಾತಿಗೆ ಬರುತ್ತೇನೆ. ಅವರು ಹೇಳಿದ್ದು ಸರಿ, ತೀರ್ಮಾನದಲ್ಲಿ ಮಾತ್ರ ನನಗೆ ಸ್ವಲ್ಪ ಭಿನ್ನಾಭಿಪ್ರಾಯ. ನಿಮ್ಮ ಮಿಶ್ರ ಬಣ್ಣದ ಗಿಡ ಲಂಟಾನ ಕಮಾರ. 1753ರಲ್ಲಿ ಸಸ್ಯವಿಜ್ಞಾನಿ ಲಿನೇಯಸ್ ಇಟ್ಟ ಹೆಸರು. ಮೂಲ ಉಷ್ಣವಲಯದ ಅಮೆರಿಕ. ಡಚ್ಚರು 17ನೇ ಶತಮಾನದಲ್ಲೇ ಅದನ್ನು ಯುರೋಪಿಗೆ ಒಯ್ದು ಗಾಜಿನ ಮನೆಗಳಲ್ಲಿ ಅಲಂಕಾರಕ್ಕೆ ಬೆಳೆಸಿದರು, ತಳಿಗಳನ್ನು ಬೆರೆಸಿ ಹೊಸ ಬಣ್ಣ ಮಾಡಿದರು, ಅಲ್ಲಿಂದ ಅದು ಲೋಕವೆಲ್ಲ ಸುತ್ತಿತು. ಇವತ್ತು ಭಾರತ, ಆಸ್ಟ್ರೇಲಿಯಾ, ದಕ್ಷಿಣ ಆಫ್ರಿಕಾದ ಕಾಡು, ಗೋಮಾಳಗಳನ್ನು ಮುತ್ತಿರುವ ಲಂಟಾನದ ಪೂರ್ವಜರು ಒಂದು ಕಾಲಕ್ಕೆ ಯಾರದೋ ಚೆಂದದ ಕುಂಡದಲ್ಲಿದ್ದವು. ಪ್ರಕೃತಿ ಸಂರಕ್ಷಣೆಯ ಅಂತರರಾಷ್ಟ್ರೀಯ ಒಕ್ಕೂಟ ಐಯುಸಿಎನ್ ಮಾಡಿರುವ ಜಗತ್ತಿನ 100 ಅತಿ ಕೆಟ್ಟ ಆಕ್ರಮಣಕಾರಿ ಜೀವಿಗಳ ಪಟ್ಟಿಯಲ್ಲಿ ಅದರ ಹೆಸರಿದೆ. ಕೆಲವು ದೇಶಗಳಲ್ಲಿ ಮಾರುವುದೂ ನಿಷಿದ್ಧ. ನೀವಿರುವ ಕಡೆ ನಿಯಮ ಏನಿದೆ ಎಂದು ಮೊದಲು ತಿಳಿದುಕೊಳ್ಳಿ. ನಿಷೇಧ ಇದ್ದರೆ ಮುಂದಿನ ಮಾತು ಬೇಡವೇ ಬೇಡ.

ಗಿಡ ಕುಂಡದಲ್ಲಿದೆಯಲ್ಲ, ಎಲ್ಲಿಗೆ ಹೋಗುತ್ತದೆ ಎನ್ನಬೇಡಿ. ಬೇರು ಎಲ್ಲಿಗೂ ಹೋಗುವುದಿಲ್ಲ, ಹಣ್ಣು ಹೋಗುತ್ತದೆ. ಹಕ್ಕಿಗಳಿಗೆ ಕಪ್ಪಾದ ಹಣ್ಣು ಇಷ್ಟ, ತಿಂದು ಬೀಜವನ್ನು ಎಲ್ಲೆಲ್ಲೋ ಉದುರಿಸುತ್ತವೆ. ನಾಲ್ಕನೇ ಮಹಡಿಯ ಬಾಲ್ಕನಿಗೂ ಹಕ್ಕಿ ಬರುತ್ತದೆ. ವಾರಕ್ಕೊಮ್ಮೆ ಗೊಂಚಲು ಕತ್ತರಿಸಿದರೆ ಹಣ್ಣು ಕಪ್ಪಾಗುವ ಮಾತೇ ಇಲ್ಲ. ಹೂವಿಗಾಗಿ ಮಾಡುವ ಕೆಲಸವೇ ಕಾಡಿಗೂ ಕಾವಲು.

ಕತ್ತರಿಸಿದ್ದನ್ನು ಎಲ್ಲಿ ಹಾಕುತ್ತೀರಿ ಎಂಬುದೂ ಮುಖ್ಯ. ಖಾಲಿ ನಿವೇಶನಕ್ಕೆ, ಕೆರೆ ದಂಡೆಗೆ ಎಸೆಯಬೇಡಿ. ಒದ್ದೆ ನೆಲ ಸಿಕ್ಕರೆ ಲಂಟಾನದ ಕಡ್ಡಿ ಬೇರು ಬಿಡುತ್ತದೆ. ನಾನು ಎಸೆದ ಗಿಡ ಚಿಗುರಿದ್ದು ಹಾಗೆಯೇ, ಅದನ್ನು ಮತ್ತೆ ಹೋಗಿ ಕಿತ್ತೆ. ಬಿಸಿಲಿನಲ್ಲಿ ಸಿಮೆಂಟ್ ನೆಲದ ಮೇಲೆ ಹರಡಿ ಗರಿಗರಿ ಒಣಗಿಸಿ ಆಮೇಲೆ ಕಸಕ್ಕೆ ಹಾಕಿ. ಕಾಯಿ ಇರುವ ಗೊಂಚಲನ್ನು ಮನೆಯ ಗೊಬ್ಬರದ ಡಬ್ಬಿಗೆ ಹಾಕಬೇಡಿ, ಕಟ್ಟಿ ಕಸಕ್ಕೆ ಕೊಡಿ.

ಕಾಯಿಯೇ ಕಟ್ಟದ ಗಿಡ ಇದ್ದರೆ ಈ ಎಲ್ಲ ಗೋಜು ಇಲ್ಲವಲ್ಲ ಎನ್ನುತ್ತೀರಾ? ಇವೆ. ಫ್ಲಾರಿಡಾ ವಿಶ್ವವಿದ್ಯಾಲಯ ಈ ಉದ್ದೇಶಕ್ಕೇ ಬಂಜೆ ತಳಿಗಳನ್ನು ತಯಾರಿಸಿದೆ, ಬ್ಲೂಮಿಫೈ ರೆಡ್, ಬ್ಲೂಮಿಫೈ ರೋಸ್ ಎಂಬವು ಅಲ್ಲಿಯವೇ. ಹಳದಿಯ ನ್ಯೂ ಗೋಲ್ಡ್ ಕೂಡ ಬಹುಪಾಲು ಕಾಯಿ ಕಟ್ಟುವುದಿಲ್ಲ. ಆದರೆ ಹೆಸರಿನ ಚೀಟಿ ನಂಬಿ ಕೊಳ್ಳಬೇಡಿ. ನರ್ಸರಿಯಲ್ಲಿ ಎಳೆಯ ಗಿಡ ಬಿಟ್ಟು, ಒಂದಿಷ್ಟು ಹೂ ಬಿಟ್ಟು ಮುಗಿದ ಹಳೆಯ ಗಿಡವನ್ನೇ ಹುಡುಕಿ ನೋಡಿ. ಉದುರಿದ ಗೊಂಚಲಿನ ತುದಿಯಲ್ಲಿ ಮಣಿ ಇದ್ದರೆ ಚೀಟಿ ಏನೇ ಹೇಳಲಿ, ಅದು ಬಂಜೆಯಲ್ಲ. ನಿಮ್ಮ ನೇರಳೆ ಹೂವಿನ ಗಿಡ ಬೇರೆಯೇ ಜಾತಿ, ಲಂಟಾನ ಮಾಂಟೆವಿಡೆನ್ಸಿಸ್. ತೋಟಗಳಲ್ಲಿ ಬೆಳೆಸುವ ಅದರ ಎಷ್ಟೋ ತಳಿಗಳು ಕಾಯಿ ಕಟ್ಟುವುದೇ ಅಪರೂಪ. ಕಾಯಿ ಬಿಡುವಂಥವೂ ಇವೆ, ಆಸ್ಟ್ರೇಲಿಯಾದಲ್ಲಿ ಅದೂ ಕಳೆಯೇ. ಒಂದು ತಿಂಗಳು ಕಣ್ಣಿಟ್ಟು ನೋಡಿದರೆ ನಿಮ್ಮದು ಯಾವ ಕಡೆಯದೆಂದು ಗೊತ್ತಾಗುತ್ತದೆ.

ಇನ್ನು ಮಗಳ ವಿಷಯ. ಲಂಟಾನದಲ್ಲಿ ಲಂಟಾಡೀನ್ ಎಂಬ ವಿಷವಸ್ತುಗಳಿವೆ. ಅದರ ಸೊಪ್ಪು ತಿಂದ ದನ, ಕುರಿಗಳ ಯಕೃತ್ತು ಕೆಡುತ್ತದೆ, ಆಮೇಲೆ ಬಿಸಿಲಿಗೆ ಬಂದರೆ ಚರ್ಮ ಸುಟ್ಟಂತಾಗುತ್ತದೆ. ಇದು ಪಶುವೈದ್ಯರಿಗೆ ಚೆನ್ನಾಗಿ ಗೊತ್ತಿರುವ ಕಾಯಿಲೆ. ಹಾಗಾಗಿ ಸವರಿದ ಸೊಪ್ಪನ್ನು ಹಸಿರು ಮೇವೆಂದು ಯಾವ ಪ್ರಾಣಿಗೂ ಹಾಕಬೇಡಿ, ನಾಯಿ ಬೆಕ್ಕು ಮೆಲ್ಲದಂತೆಯೂ ನೋಡಿಕೊಳ್ಳಿ. ಮನುಷ್ಯರಿಗೆ ಅಪಾಯ ಎನ್ನುವುದು ಮುಖ್ಯವಾಗಿ ಹಸಿರು ಕಾಯಿಯನ್ನು. ಮಾಗಿದ ಕಪ್ಪು ಹಣ್ಣು ಚಿಕ್ಕಂದಿನಲ್ಲಿ ಹೊಟ್ಟೆ ತುಂಬ ತಿಂದಿದ್ದೇವೆ, ಏನೂ ಆಗಿಲ್ಲ ಎನ್ನುವ ಹಿರಿಯರು ನಿಮಗೆ ಸಿಗಬಹುದು. ಅವರ ಮಾತನ್ನು ಸುಳ್ಳೆನ್ನುವುದಿಲ್ಲ, ಆದರೆ ನಾಲ್ಕು ವರ್ಷದ ಮಗು ಹಸಿರು, ಕಪ್ಪು ಎಂದು ಆರಿಸಿ ಬಾಯಿಗೆ ಹಾಕುವುದಿಲ್ಲ. ಮಣಿಯಂತೆ ಕಾಣುವುದೇ ಅದಕ್ಕೆ ಆಕರ್ಷಣೆ. ಮಗು ಕಾಯಿ ನುಂಗಿದೆ ಎಂದು ಅನುಮಾನ ಬಂದರೆ ಮನೆಮದ್ದು ಮಾಡುತ್ತ ಕೂರಬೇಡಿ, ವಾಂತಿ ಮಾಡಿಸಲು ಹೋಗಬೇಡಿ. ಬಾಯಲ್ಲಿ ಉಳಿದದ್ದನ್ನು ತೆಗೆದು, ಒಂದು ರೆಂಬೆ ಜೊತೆಗೆ ಹಿಡಿದುಕೊಂಡು ನೇರ ವೈದ್ಯರ ಹತ್ತಿರ ಹೋಗಿ.

ಕಾಯಿ ಇಲ್ಲದ ಗಿಡದಲ್ಲಿ ಮಗುವನ್ನು ಸೆಳೆಯುವಂಥದ್ದು ಹೂ ಮಾತ್ರ. ಆದರೂ ಕುಂಡವನ್ನು ಅವಳ ಕೈಗೆ ಎಟುಕದ ಎತ್ತರದಲ್ಲಿ ಇಡಿ. ನೇರಳೆಯದನ್ನು ತೂಗುಹಾಕಬಹುದು, ಇಳಿಬೀಳುವ ಗಿಡ ಅಲ್ಲಿ ಚೆನ್ನಾಗಿಯೂ ಕಾಣುತ್ತದೆ. ನೀವೂ ಸವರುವಾಗ ಕೈಗವಸು ಹಾಕಿಕೊಳ್ಳಿ. ಎಲೆ ಮರಳುಕಾಗದದಂತೆ ಒರಟು, ಕಾಂಡದಲ್ಲಿ ಸಣ್ಣ ಮುಳ್ಳಿರಬಹುದು, ಕೆಲವರಿಗೆ ಮೈ ತುರಿಸುತ್ತದೆ.

ಬಿಳಿಚಿದ ಚುಕ್ಕೆ ಇರುವ ಎಲೆಯನ್ನು ತಿರುವಿ ಹಾಕಿ ನೋಡಿ. ಹಿಂಬದಿಯಲ್ಲಿ ಕಪ್ಪು ಶಾಯಿ ಚಿಮ್ಮಿದಂಥ ಕಲೆಗಳೂ, ಮೂರು ನಾಲ್ಕು ಮಿಲಿಮೀಟರ್ ಉದ್ದದ ಚಪ್ಪಟೆ ಕಂದು ಕೀಟಗಳೂ ಇದ್ದರೆ ಅದು ಲೇಸ್ ಬಗ್, ಜಾಲರಿಯಂಥ ರೆಕ್ಕೆಯ ತಿಗಣೆ. ಎಲೆಯ ರಸ ಹೀರುವುದಲ್ಲದೆ ಮೊಗ್ಗಿಗೂ ಬಾಯಿ ಹಾಕುತ್ತದೆ, ಮೊಗ್ಗು ಅರಳದೆ ಒಣಗಿ ಉದುರುತ್ತದೆ. ನಿಮ್ಮ ಗಿಡದಲ್ಲಿ ಹೂ ಕಡಿಮೆಯಾಗಲು ಇದರ ಪಾಲೂ ಇದ್ದೀತು. ತಮಾಷೆ ಎಂದರೆ ಈ ತಿಗಣೆಯನ್ನು ಮನುಷ್ಯರೇ ಬೇಕೆಂದು ದೇಶದಿಂದ ದೇಶಕ್ಕೆ ಸಾಗಿಸಿದ್ದಾರೆ. ಹವಾಯಿ ದ್ವೀಪಗಳಲ್ಲಿ ಲಂಟಾನ ಮಿತಿಮೀರಿದಾಗ, 1902ರಲ್ಲಿ ಮೆಕ್ಸಿಕೋದಿಂದ ಅದರ ಶತ್ರು ಕೀಟಗಳನ್ನು ಹಿಡಿದು ತಂದು ಬಿಟ್ಟರು, ಅವುಗಳಲ್ಲಿ ಇದೂ ಒಂದು. ಕಳೆಯ ಮೇಲೆ ಕೀಟವನ್ನು ಛೂ ಬಿಡುವ ವಿದ್ಯೆ ವ್ಯವಸ್ಥಿತವಾಗಿ ಶುರುವಾದದ್ದೇ ಈ ಗಿಡದಿಂದ ಎನ್ನಬಹುದು. ಕಾಡಿನಲ್ಲಿ ನಾವು ಗೆಲ್ಲಲಿ ಎಂದು ಹಾರೈಸುವ ತಿಗಣೆ ಬಾಲ್ಕನಿಯಲ್ಲಿ ಸೋಲಬೇಕು.

ಸೋಲಿಸುವುದು ಕಷ್ಟವೇನಲ್ಲ. ಎಲೆಯ ಹಿಂಬದಿಗೆ ಬೀಳುವಂತೆ ಕೆಳಗಿನಿಂದ ಮೇಲಕ್ಕೆ ರಭಸವಾಗಿ ನೀರು ಹಾಯಿಸಿ, ಬೆಳಿಗ್ಗೆಯೇ ಮಾಡಿ, ಸಂಜೆಯೊಳಗೆ ಎಲೆ ಒಣಗಲಿ. ಹೆಚ್ಚು ಮುತ್ತಿದ ರೆಂಬೆಗಳನ್ನು ಸವರಿಬಿಡಿ, ಹೇಗೂ ಸವರಬೇಕಾದವೇ. ಉಳಿದದ್ದಕ್ಕೆ ಒಂದು ಲೀಟರ್ ನೀರಿಗೆ ಐದು ಮಿಲಿಲೀಟರ್ ಬೇವಿನ ಎಣ್ಣೆ, ಅದು ನೀರಿನಲ್ಲಿ ಬೆರೆಯಲು ಎರಡು ಹನಿ ಪಾತ್ರೆ ತೊಳೆಯುವ ಸೋಪು, ಚೆನ್ನಾಗಿ ಕುಲುಕಿ ಸಂಜೆ ಹೊತ್ತು ಸಿಂಪಡಿಸಿ. ವಾರದ ಅಂತರದಲ್ಲಿ ಮೂರು ಸಲ. ಮೊದಲು ಒಂದು ರೆಂಬೆಗೆ ಹಾಕಿ ಎರಡು ದಿನ ನೋಡಿ, ಎಲೆ ಸುಡದಿದ್ದರೆ ಮುಂದುವರಿಸಿ. ಹೂವಿನ ಮೇಲೆ ಬೀಳಿಸಬೇಡಿ, ಚಿಟ್ಟೆ ಬರುವ ಗಿಡ ಇದು. ಕಪ್ಪು ಕಲೆ ಇಲ್ಲದೆ ಹಿಂಬದಿಯಲ್ಲಿ ಸಣ್ಣ ಜೇಡರಬಲೆ ಕಂಡರೆ ಅದು ನುಸಿ, ಮುಟ್ಟಿದಾಗ ಬಿಳಿ ಪುಡಿಯಂತೆ ಹಾರಿದರೆ ಬಿಳಿ ನೊಣ. ಮೂರಕ್ಕೂ ಮೊದಲ ಮದ್ದು ನೀರಿನ ರಭಸವೇ.

ನೀರಿನ ಮಾತಿನಲ್ಲಿ ನಿಮ್ಮನ್ನು ಸ್ವಲ್ಪ ಗದರಿಸಬೇಕು. ದಿನಕ್ಕೆ ಎರಡು ಸಲ ಎಂಬ ಲೆಕ್ಕವನ್ನು ಬಿಟ್ಟುಬಿಡಿ. ಗಡಿಯಾರ ನೋಡಿ ನೀರು ಹಾಕುವುದಲ್ಲ, ಮಣ್ಣು ಮುಟ್ಟಿ ಹಾಕುವುದು. ಬೆರಳಿನ ಮೊದಲ ಗೆಣ್ಣಿನಷ್ಟು ಆಳ ಒಣಗಿದ್ದರೆ ತಳದಿಂದ ಹರಿಯುವಷ್ಟು ಹಾಕಿ, ಒದ್ದೆಯಿದ್ದರೆ ಸುಮ್ಮನೆ ಹಿಂದಿರುಗಿ. ಕಡು ಬೇಸಿಗೆಯ ಪೂರ್ಣ ಬಿಸಿಲಿನಲ್ಲಿ ಸಣ್ಣ ಕುಂಡಕ್ಕೆ ದಿನಾ ಬೇಕಾಗಬಹುದು, ಮೋಡದ ದಿನಗಳಲ್ಲಿ ನಾಲ್ಕೈದು ದಿನಕ್ಕೊಮ್ಮೆ ಸಾಕಾಗಬಹುದು. ಇಷ್ಟು ಗಟ್ಟಿ ಗಿಡವೂ ಸಾಯುವ ಒಂದು ದಾರಿ ಇದೆ, ಅದು ನೀರು ನಿಂತ ಬೇರು. ಕುಂಡದ ಕೆಳಗಿನ ತಟ್ಟೆಯಲ್ಲಿ ನೀರು ನಿಂತಿದ್ದರೆ ಚೆಲ್ಲಿ. ತೂತಿಲ್ಲದ ಅಂದದ ಕುಂಡದೊಳಗೆ ನರ್ಸರಿಯ ಪ್ಲಾಸ್ಟಿಕ್ ಕುಂಡವನ್ನು ಹಾಗೆಯೇ ಇಳಿಸಿಟ್ಟಿದ್ದರೆ ಇವತ್ತೇ ಹೊರಗೆ ತೆಗೆಯಿರಿ.

ಕುಂಡದ ಅಳತೆ ನೀವು ಬರೆದಿಲ್ಲ. ಒಂದು ಗಿಡಕ್ಕೆ 12 ಅಂಗುಲ ಅಗಲದ ಕುಂಡ ಒಳ್ಳೆಯದು, ಅದಕ್ಕಿಂತ ದೊಡ್ಡದು ಸದ್ಯಕ್ಕೆ ಬೇಡ. ತೀರಾ ದೊಡ್ಡ ಕುಂಡದ ಮಣ್ಣು ಬೇಗ ಒಣಗುವುದಿಲ್ಲ, ಬೇರು ಅಷ್ಟೂ ಜಾಗ ತುಂಬುವವರೆಗೆ ಗಿಡ ಹೂವಿನ ಯೋಚನೆ ಮಾಡುವುದಿಲ್ಲ. ಮಣ್ಣಿನ ಕುಂಡ ಸಿಕ್ಕರೆ ಅದೇ ಆಗಲಿ, ಗೋಡೆಯ ಮೂಲಕವೂ ತೇವ ಆರುತ್ತದೆ. ಒಂದು ಪಾಲು ತೋಟದ ಮಣ್ಣು, ಒಂದು ಪಾಲು ದಪ್ಪ ಮರಳು ಅಥವಾ ಪರ್ಲೈಟ್, ಒಂದು ಪಾಲು ಹಳೆಯ ಕೊಟ್ಟಿಗೆ ಗೊಬ್ಬರ ಅಥವಾ ಎರೆಗೊಬ್ಬರ. ಕೋಕೋಪೀಟ್, ಅಂದರೆ ತೆಂಗಿನ ನಾರಿನ ಪುಡಿ, ಹಾಕುವುದಾದರೆ ಕಡಿಮೆ ಹಾಕಿ, ಅದು ನೀರು ಹಿಡಿದಿಡುವ ವಸ್ತು, ಈ ಗಿಡಕ್ಕೆ ಬೇಕಿರುವುದು ಬಿಟ್ಟುಕೊಡುವ ಮಣ್ಣು. ತಳದ ತೂತಿನಿಂದ ಬೇರು ಇಣುಕುತ್ತಿದ್ದರೆ ಅಥವಾ ಹಾಕಿದ ನೀರು ಒಳಗಿಳಿಯದೆ ಅಂಚಿನಿಂದಲೇ ಜಾರಿ ಹೋಗುತ್ತಿದ್ದರೆ ಮಾತ್ರ ಕುಂಡ ಬದಲಿಸಿ, ಇಲ್ಲವಾದರೆ ಈ ಸಲ ಬೇರಿಗೆ ಕೈ ಹಾಕಬೇಡಿ.

ಎಲ್ಲವನ್ನೂ ಒಂದೇ ಭಾನುವಾರ ಮಾಡಿ ಮುಗಿಸುವ ಹುರುಪು ಬೇಡ. ಮೊದಲ ದಿನ ಕಾಯಿ ತೆಗೆಯಿರಿ, ಎಲೆ ತೊಳೆಯಿರಿ, ಗೊಬ್ಬರ ನಿಲ್ಲಿಸಿ. ಮುಂದಿನ ಹತ್ತು ದಿನ ಬಿಸಿಲಿಗೆ ಒಗ್ಗಿಸಿ. ಗಿಡ ಹೊಸ ಜಾಗದಲ್ಲಿ ಬಾಡದೆ ನಿಂತ ಮೇಲೆ ಮಿಶ್ರ ಬಣ್ಣದ ಗಿಡವನ್ನು ಅರ್ಧಕ್ಕೆ ಸವರಿ, ಅಂದರೆ ಮೂರಡಿಯದು ಒಂದೂವರೆ ಅಡಿಗೆ ಇಳಿಯಲಿ. ಪ್ರತಿ ರೆಂಬೆಯನ್ನೂ ಒಂದು ಜೋಡಿ ಎಲೆಯ ಸ್ವಲ್ಪ ಮೇಲೆ ಕತ್ತರಿಸಿ. ಹೊಸ ಚಿಗುರು ನಾಲ್ಕು ಅಂಗುಲ ಆದಾಗ ತುದಿಯನ್ನು ಒಂದೇ ಒಂದು ಸಲ ಚಿವುಟಿ. ನೇರಳೆಯದಕ್ಕೆ ಇಷ್ಟು ಕಠಿಣ ಬೇಡ, ಜೋತುಬಿದ್ದ ತುದಿಗಳನ್ನು ಮೂರನೇ ಒಂದು ಭಾಗ ಕತ್ತರಿಸಿದರೆ ಸಾಕು. ಚಳಿ ಹೆಚ್ಚಿರುವ ಕಾಲ ಎದುರಿಗಿದ್ದರೆ ಈ ಸವರುವಿಕೆಯನ್ನು ಚಳಿ ಮುಗಿಯುವವರೆಗೆ ಮುಂದೂಡಿ. 10 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗೆ ಗಿಡ ಸುಮ್ಮನಾಗುತ್ತದೆ, ಆಗ ಕತ್ತರಿಸಿದರೆ ಚಿಗುರುವುದಿಲ್ಲ. ಹಿಮ ಬೀಳುವ ಕಡೆಯಾದರೆ ಕುಂಡವನ್ನು ಒಳಗೆ ಒಯ್ಯಲೇಬೇಕು.

ಬೆಚ್ಚಗಿನ ದಿನಗಳಲ್ಲಿ ಸವರಿದ ಐದಾರು ವಾರಕ್ಕೆ ಹೊಸ ಗೊಂಚಲು ಕಾಣಿಸಬೇಕು.

ಇಟ್ಟುಕೊಳ್ಳಲೇ, ಎಸೆಯಲೇ ಎಂದು ಕೇಳಿದ್ದಿರಿ. ವಾರಕ್ಕೊಮ್ಮೆ ಕತ್ತರಿ ಹಿಡಿಯುವ ಮನಸ್ಸಿದ್ದರೆ ಎರಡನ್ನೂ ಇಟ್ಟುಕೊಳ್ಳಿ. ಊರಿಗೆ ಹೋಗುವ ಮುನ್ನ ಹೂವಿದ್ದರೂ ಸರಿ, ಎಲ್ಲ ಗೊಂಚಲು ಕತ್ತರಿಸಿ ಹೋಗಿ. ಇದು ನಿಮ್ಮಿಂದ ಆಗದು ಎಂದು ಈಗಲೇ ಅನಿಸುತ್ತಿದ್ದರೆ, ಸಂಕೋಚ ಬೇಡ, ಮಿಶ್ರ ಬಣ್ಣದ್ದನ್ನು ಬೇರುಸಮೇತ ತೆಗೆದು ಒಣಗಿಸಿ ಕಸಕ್ಕೆ ಹಾಕಿ, ನೇರಳೆಯದು ಕಾಯಿ ಕಟ್ಟುವುದಿಲ್ಲವೆಂದು ಖಾತ್ರಿಯಾದರೆ ಅದೊಂದನ್ನೇ ಉಳಿಸಿಕೊಳ್ಳಿ. ಪಕ್ಕದ ಮನೆಯವರಿಗೂ ಆಗ ತಕರಾರು ಇರಲಾರದು. ಸವರಿ ಎಂಟು ವಾರ ಕಳೆದರೂ ಹೂ ಬರಲಿಲ್ಲವಾದರೆ ಮತ್ತೆ ಬರೆಯಿರಿ. ಆಗ ಎಲೆಯ ಫೋಟೋ ಆಮೇಲೆ ಕಳಿಸಿದರಾಯಿತು, ಬಿಸಿಲಿನ ಗಂಟೆ ಬರೆದಿಟ್ಟ ಆ ಚೀಟಿ ಮೊದಲು ಬರಲಿ.